ಎರಡನೇ ಆರೋಪಿಗೆ ಒಂದು ಲೋಟ ಮಜ್ಜಿಗೆ

ತಿಂಡಿಗೆ ಮೊದಲು ನುಂಗಬೇಕಾದ ಬಿಪಿ ಮಾತ್ರೆಯನ್ನು ನುಂಗಿದೆನೋ ಇಲ್ಲವೋ ಎಂದು ಖಾಲಿ ಲೋಟ ಹಿಡಿದು ಯೋಚಿಸುತ್ತ ನಿಂತಿದ್ದಾಗ ಫೋನ್ ಬಂತು. ಪರದೆಯ ಮೇಲೆ ‘ದೂರುದಾರರು’ ಎಂದಿತ್ತು. ರಾಗಿ ಕೊಯ್ಲಿನ ಹೊತ್ತಿಗೆ ಆ ಫೋನ್ ಬರುವುದು ವಾಡಿಕೆಯೇ ಆದ್ದರಿಂದ ಖುಷಿಯಿಂದ ಎತ್ತಿದೆ. ಆದರೆ ದನಿ ಬೇರೆ ಹೆಂಗಸಿನದು, ಅದರಲ್ಲಿ ಅಳುಕು.

“ಆರೋಪಿಯವರಾ?”

“ಹೌದು” ಅಂದೆ. ಒಲೆಯ ಮುಂದಿದ್ದ ಹೆಂಡತಿ ತಿರುಗಿ ನೋಡಿದಳು.

“ನಾನು ಅವರ ಮಗಳು ಸಾರ್, ಚಿಂತಾಮಣಿ ಕಡೆ ಕೊಟ್ಟಿರೋದು. ಅಮ್ಮ ತೀರ್ಕೊಂಡ್ರು. ಮಲಗಿದ್ದಂಗೇ ಹೋದ್ರು, ಯಾರಿಗೂ ತೊಂದ್ರೆ ಕೊಡ್ಲಿಲ್ಲ. ತಿಥೀನೂ ಮುಗೀತು. ಅವರ ಫೋನಲ್ಲಿ ಇರೋ ಹೆಸರಿಗೆಲ್ಲ ತಿಳಿಸ್ತಾ ಇದೀನಿ. ಇದೊಂದು ಮಾತ್ರ ‘ಆರೋಪಿ ಎರಡು’ ಅಂತಿತ್ತು. ಯಾರಿಗೆ ಹೋಯ್ತದೋ ಏನೋ ಅಂತ ಹೆದರ್ಕೊಂಡೇ ಮಾಡ್ದೆ.” ಆಮೇಲೆ ಕೇಳಿದಳು: “ನೀವು ಏನು ಮಾಡಿದ್ರಿ ಸಾರ್?”

“ಏನೂ ಮಾಡ್ಲಿಲ್ಲಮ್ಮ. ಏನೂ ಮಾಡ್ದೆ ಇದ್ದಿದ್ದಕ್ಕೇ ಆರೋಪಿ ಆಗಿದ್ದು.”

ಇದು ಜಂಬದ ಮಾತಲ್ಲ, ಕಾನೂನಿನ ಮಾತು. ಬೇರೆ ಅಪರಾಧಗಳಿಗೆ ಎದ್ದು ಹೋಗಿ ಏನಾದರೂ ಮಾಡಬೇಕಾಗುತ್ತದೆ. ನಾನು ಸಿಕ್ಕಿಬಿದ್ದ ಅಪರಾಧವನ್ನು ಕುರ್ಚಿಯಲ್ಲಿ ಕೂತೇ ಮಾಡಬಹುದು. ಹೈಕೋರ್ಟು ‘ಇಷ್ಟು ತಿಂಗಳೊಳಗೆ ಈ ಕೆಲಸ ಮಾಡಿ’ ಎನ್ನುತ್ತದೆ, ಸರ್ಕಾರಿ ನೌಕರ ಮಾಡುವುದಿಲ್ಲ, ಅದರ ಹೆಸರು ನ್ಯಾಯಾಂಗ ನಿಂದನೆ.

ನಾನು ಪಿಡಿಒ. ಎಂದರೆ ಗ್ರಾಮ ಪಂಚಾಯಿತಿಯಲ್ಲಿ ಬೀದಿದೀಪದಿಂದ ಹಿಡಿದು ಬೀದಿನಾಯಿಯವರೆಗೆ ಯಾವುದು ಕೆಟ್ಟರೂ ಬೈಸಿಕೊಳ್ಳಲು ಸರ್ಕಾರ ನೇಮಿಸಿರುವ ಮನುಷ್ಯ. ಆಗ ನಾನಿದ್ದ ಪಂಚಾಯಿತಿ ಬೂದಿಗೆರೆ ರಸ್ತೆ ಬಿಟ್ಟು ಒಳಕ್ಕೆ ತಿರುಗಿದರೆ ಸಿಗುತ್ತದೆ. ಹೆಸರು ಬರೆಯುವುದಿಲ್ಲ. ಬರೆದರೆ ಅಲ್ಲಿಂದ ಇನ್ನೊಂದು ನೋಟಿಸು ಬಂದೀತೆಂಬ ಭಯ ಇನ್ನೂ ಇದೆ.

ನಾನು ಅಲ್ಲಿಗೆ ವರ್ಗವಾಗಿ ಹೋಗಿ ಕುರ್ಚಿಯ ಮೆತ್ತೆ ಹೊಂದಿಸಿಕೊಳ್ಳುವುದರೊಳಗೆ ಹೈಕೋರ್ಟಿನ ನೋಟಿಸು ಬಂತು. ಊರಿನ ನಕಾಶೆಯಲ್ಲಿರುವ ಒಂದು ಬಂಡಿದಾರಿಗೆ ಯಾರೋ ಕಲ್ಲುಕಂಬ ನೆಟ್ಟು ತಂತಿ ಎಳೆದಿದ್ದರು. ಅದನ್ನು ತೆರವು ಮಾಡಿಸಿ ಎಂದು ಕೋರ್ಟು ತಹಸೀಲ್ದಾರರಿಗೂ ಪಿಡಿಒಗೂ ಹೇಳಿತ್ತು. ನನಗಿಂತ ಮುಂಚೆ ಇದ್ದವರು ಆ ಆದೇಶವನ್ನು ಜೋಪಾನವಾಗಿ ಕಡತಕ್ಕೆ ಸೇರಿಸಿ, ತಾವೂ ಜೋಪಾನವಾಗಿ ವರ್ಗ ಮಾಡಿಸಿಕೊಂಡು ಹೋಗಿದ್ದರು. ನೋಟಿಸಿನಲ್ಲಿ ತಹಸೀಲ್ದಾರರು ಒಂದನೇ ಆರೋಪಿ, ನಾನು ಎರಡನೆಯವನು. ಬೇರೆ ಕೇಸುಗಳಲ್ಲಿ ಹುದ್ದೆಯ ಹೆಸರಿದ್ದರೆ ಸಾಕು. ಇದರಲ್ಲಿ ಮಾತ್ರ ಅಪ್ಪ ಇಟ್ಟ ಹೆಸರನ್ನೇ ಬರೆಯುತ್ತಾರೆ. ಹೈಕೋರ್ಟಿನ ಕಾಗದದಲ್ಲಿ ನನ್ನ ಹೆಸರು ಅಚ್ಚಾದದ್ದು ಅದೇ ಮೊದಲು. ಅಪ್ಪ ಇದ್ದಿದ್ದರೆ ಯಾವ ವಿಷಯಕ್ಕೆ ಎಂದು ಕೇಳುವ ಮೊದಲು ಊರಿಗೆಲ್ಲ ತೋರಿಸಿಕೊಂಡು ಬರುತ್ತಿದ್ದರು.

ಅವತ್ತು ಮನೆಗೆ ಬಂದು ಫೋನಿನಲ್ಲಿ ‘ಜೈಲಿನಲ್ಲಿ ಮಂಡಿನೋವಿನವರಿಗೆ ಕಮೋಡ್ ಇರುತ್ತದೆಯೇ’ ಎಂದು ಹುಡುಕಿದೆ. ಹೆಂಡತಿ ಇಣುಕಿ ನೋಡಿ, “ಮೊದಲು ಬೇಲಿ ಕೀಳ್ಸೋಕೆ ಏನು ಮಾಡ್ಬೇಕು ಅಂತ ಹುಡುಕ್ರಿ” ಎಂದಳು. ಅವಳಿಗೆ ನನ್ನ ಚಿಂತೆಗಳ ಆಳ ಎಂದೂ ಅರ್ಥವಾಗಿಲ್ಲ.

ಮಾರನೆಯ ದಿನವೇ ದೂರುದಾರರು ಆಫೀಸಿಗೆ ಬಂದರು. ಎಪ್ಪತ್ತರ ಆಸುಪಾಸಿನ ಹೆಂಗಸು, ಸಣಕಲು. ಕೈಯಲ್ಲಿ ಗಂಡಸರ ಕಪ್ಪು ಕೊಡೆ, ಕನ್ನಡಕದ ಒಂದು ಕಡ್ಡಿಗೆ ಬದಲು ದಾರ. ಕುರ್ಚಿ ತೋರಿಸಿದೆ. ಸೆರಗಿನ ತುದಿಯಿಂದ ಅದನ್ನು ಎರಡು ಸಲ ಕೊಡವಿ ಕೂತರು. ಸರ್ಕಾರದ ಯಾವ ಕುರ್ಚಿಯನ್ನೂ ಅವರು ಕೊಡವದೆ ಕೂತದ್ದನ್ನು ನಾನು ನೋಡಿಲ್ಲ. ಕಾರಣ ಕೇಳಿದ್ದಕ್ಕೆ, “ಯಾರ್ಯಾರು ಕೂತು ಎದ್ದೋಗವ್ರೋ ಏನೋ” ಎಂದಿದ್ದರು.

“ಏನಮ್ಮ ಬಂದ್ರಿ?”

“ಏನಿಲ್ಲ. ಹೊಸ ಆರೋಪಿ ಹೆಂಗವ್ರೆ ನೋಡ್ಕೊಂಡು ಹೋಗವ ಅಂತ.”

ನೋಡಿದರು. ಬಹಳ ಹೊತ್ತು ನೋಡಿದರು. ಆಮೇಲೆ ಮೇಜಿನ ಮೇಲೆ ಬಾಗಿ, ಹಬ್ಬದ ಕುರಿ ಕೊಳ್ಳುವವರ ಹಾಗೆ ನನ್ನ ಕಣ್ಣಿನ ಕೆಳರೆಪ್ಪೆಯನ್ನು ಹೆಬ್ಬೆರಳಿನಿಂದ ಕೆಳಕ್ಕೆ ಎಳೆದರು. “ರಕ್ತಾನೇ ಇಲ್ಲ ನಿಮಗೆ. ನುಗ್ಗೆಸೊಪ್ಪು ತಿಂತೀರಾ?”

“ಇಲ್ಲಮ್ಮ.”

“ತಿನ್ರಿ. ಕೇಸು ನಡೆಯೋವರ್ಗೂ ಗಟ್ಟಿಯಾಗಿರಬೇಕಲ್ಲ. ನಡೂದಾಗೆ ಬಿದ್ದೋದ್ರೆ ನಾನು ಇನ್ನೊಬ್ಬ ಆರೋಪೀನ ಎಲ್ಲಿ ಹುಡುಕ್ಲಿ?”

ಮುಂದಿನ ವಾರ ನಮ್ಮ ಕರವಸೂಲಿಗಾರನ ಕೈಯಲ್ಲಿ ನುಗ್ಗೆಸೊಪ್ಪಿನ ಕಟ್ಟು ಬಂತು. ದೂರುದಾರರಿಂದ ಆರೋಪಿ ಸೊಪ್ಪು ತೆಗೆದುಕೊಂಡರೆ ಲಂಚವಾಗುತ್ತದೆಯೇ ಎಂದು ಸಂಜೆಯವರೆಗೆ ಯೋಚಿಸಿದೆ. ಅಷ್ಟರಲ್ಲಿ ಸೊಪ್ಪು ಬಾಡಿತು. ಮನೆಗೆ ಒಯ್ದು ಸಾರು ಮಾಡಿಸಿಕೊಂಡು ತಿಂದೆ.

ಅವರ ಜಗಳ ಇದ್ದದ್ದು ಮೈದುನನ ಜೊತೆ. ಗಂಡ ತೀರಿಕೊಂಡ ಮೇಲೆ ಅವರ ರಾಗಿ ಹೊಲ, ಹುರುಳಿ, ಎರಡು ಹಸು ಎಲ್ಲವನ್ನೂ ಒಬ್ಬರೇ ನಡೆಸುತ್ತಿದ್ದರು. ಹೊಲಕ್ಕೆ ಹೋಗುವ ದಾರಿ ಮೈದುನನ ಜಮೀನಿನ ಅಂಚಿನಲ್ಲಿ ಹಾದುಹೋಗುತ್ತಿತ್ತು. ಏರ್‌ಪೋರ್ಟಿನ ದೆಸೆಯಿಂದ ಆ ಕಡೆ ನೆಲಕ್ಕೆ ಬೆಲೆ ಬಂದು, ಎಲ್ಲರೂ ತಮ್ಮ ಜಮೀನಿಗೆ ಬೇಲಿ ಹಾಕಿಕೊಳ್ಳತೊಡಗಿದಾಗ ಮೈದುನನೂ ಹಾಕಿದ. ಹಾಕುವಾಗ ದಾರಿಯನ್ನೂ ಒಳಕ್ಕೆ ಸೇರಿಸಿಕೊಂಡ. ಅಲ್ಲಿಂದ ಅವರಿಗೆ ಹೊಲಕ್ಕೆ ಹೋಗಲು ಕಾಲುವೆಯ ಬದುವೇ ಗತಿ. ಟ್ರ್ಯಾಕ್ಟರ್ ಹೋಗುವುದಿಲ್ಲ, ಗೊಬ್ಬರ ತಲೆಯ ಮೇಲೆ, ಕೊಯ್ದ ರಾಗಿ ತಲೆಯ ಮೇಲೆ. ಇನ್ನೆರಡು ಬೆಳೆ ಹೀಗೆ ಹೊತ್ತರೆ ತನ್ನ ಕತ್ತು ಹೋಗುತ್ತದೆ, ಕತ್ತು ಹೋದರೆ ಹೊಲ ಬೀಳು ಬೀಳುತ್ತದೆ ಎಂಬುದು ಅವರಿಗೆ ಗೊತ್ತಿತ್ತು. ಪಂಚಾಯಿತಿ, ನಾಡಕಚೇರಿ, ತಾಲ್ಲೂಕು ಕಚೇರಿ ಎಲ್ಲ ಕಡೆ ಕುರ್ಚಿ ಕೊಡವಿ ಕೂತು ಎದ್ದು, ಕೊನೆಗೆ ಹೈಕೋರ್ಟಿಗೆ ಹೋಗಿದ್ದರು.

ಇಷ್ಟಾದರೂ ಅವರು ಮೈದುನನನ್ನು ಒಂದು ದಿನವೂ ಬೈದದ್ದನ್ನು ನಾನು ಕೇಳಲಿಲ್ಲ. ಒಂದು ಸಲ ಸ್ಥಳ ನೋಡಲು ಹೋದಾಗ ಅವರ ಹಸು ಈದಿತ್ತು. ನಾವು ಬಂದಿರುವುದು ಯಾರ ಬೇಲಿ ಕೀಳಿಸಲಿಕ್ಕೋ ಅದೇ ಮೈದುನನ ಮನೆಗೆ ಒಂದು ಬೋಸಿ ತುಂಬ ಗಿಣ್ಣು ಹೋಗುತ್ತಿತ್ತು. ನಾನು ಕಣ್ಣರಳಿಸಿದ್ದನ್ನು ಕಂಡು ಹೇಳಿದರು: “ದಾರಿಗೆ ಕಲ್ಲು ಹಾಕ್ದೋನು ಅವನು. ಗಿಣ್ಣು ತಿನ್ನೋದು ಅವನ ಮೊಮ್ಮಕ್ಕಳು. ಅದನ್ನೂ ಇದನ್ನೂ ಕಲಸ್ಬಾರ್ದು.”

ಕಲಸಬಾರದು ಎಂಬುದು ಅವರ ಇಡೀ ಸಂಸಾರದ ನಿಯಮವಾಗಿತ್ತು. ನಾನು ಅವರ ಜಗಲಿ ಹತ್ತಿದೊಡನೆ ಒಳಕ್ಕೆ ತಿರುಗಿ, “ಆರೋಪಿಗಳು ಬಂದ್ರು, ಮಜ್ಜಿಗೆ ತಂದೆ ಇರಿ” ಎಂದು ತಮಗೇ ಹೇಳಿಕೊಂಡು ಹೋಗಿ ತರುತ್ತಿದ್ದರು. ಇಂಗು, ಕೊತ್ತಂಬರಿ, ಚೂರು ಹಸಿಶುಂಠಿ. ಅಂಥ ಮಜ್ಜಿಗೆಯನ್ನು ನಾನು ನಿರಪರಾಧಿಯಾಗಿ ಹೋದ ಮನೆಗಳಲ್ಲಿ ಕುಡಿದಿಲ್ಲ. ಕುಡಿಯುತ್ತ ಒಂದು ದಿನ ಬೇಡಿಕೊಂಡೆ.

“ಅಮ್ಮ, ನಾನು ಹೇಗೂ ಕೆಲಸ ಮಾಡಿಸ್ತಾ ಇದೀನಿ. ಸರ್ವೇಗೆ ಹಾಕಿದೀನಿ, ಪೊಲೀಸ್ರಿಗೆ ಬರೆದಿದೀನಿ. ನನ್ನ ಹೆಸರು ಮಾತ್ರ ಕೇಸಿಂದ ತೆಗೆಸಿಬಿಡಿ. ರಾತ್ರಿ ನಿದ್ದೆ ಬರಲ್ಲ.”

“ನಿಮ್ಮೆಸ್ರು ತೆಗೆದ್ರೆ ನಿಮಗೆ ನಿದ್ದೆ ಬತ್ತದೆ. ನಿಮಗೆ ನಿದ್ದೆ ಬಂದ್ರೆ ನನ್ನ ದಾರಿ ಆಗಲ್ಲ” ಎಂದರು, ಲೋಟಕ್ಕೆ ಇನ್ನಷ್ಟು ಬಗ್ಗಿಸುತ್ತ. ದನಿಯಲ್ಲಿ ಕೋಪವಿರಲಿಲ್ಲ. “ನನಗೆ ನಿಮ್ಮ ಮೇಲೆ ಏನಿಲ್ಲ ಸ್ವಾಮಿ. ನನ್ನ ರಾಗಿ ಹೊತ್ಕೊಂಡು ಗಾಡಿ ಆ ದಾರೀಲಿ ಬಂದ ದಿವ್ಸ ಕೇಸು ಮುಗೀತು. ಅಲ್ಲೀಗಂಟ ನೀವು ಆರೋಪಿ. ಕುಡೀರಿ.”

ಕೋರ್ಟಿನ ತಾರೀಕಿನ ದಿನಗಳಲ್ಲಿ ಇನ್ನೊಂದು ಪೇಚು. ಬೆಳಿಗ್ಗೆ ಪಂಚಾಯಿತಿ ಮುಂದೆ ನನ್ನ ಹಳೆಯ ಕಾರಿನ ಪಕ್ಕ ಕೊಡೆ ಹಿಡಿದು ನಿಂತಿರುತ್ತಿದ್ದರು. “ಇಬ್ಬರೂ ಹೋಗ್ತಿರೋದು ಒಂದೇ ಕೇಸಿಗಲ್ವಾ” ಎಂದು ಮುಂದಿನ ಸೀಟನ್ನು ಕೊಡವಿ ಕೂತುಬಿಡುತ್ತಿದ್ದರು. ದೂರುದಾರರೂ ಆರೋಪಿಯೂ ಒಂದೇ ಕಾರಿನಿಂದ ಇಳಿದರೆ ವಕೀಲರು ಏನೆಂದುಕೊಳ್ಳುತ್ತಾರೋ ಎಂದು ನಾನು ಅವರನ್ನು ಕಬ್ಬನ್ ಪಾರ್ಕಿನ ಮರದ ಕೆಳಗೆ ಇಳಿಸಿ, ಒಂದು ಸುತ್ತು ಹಾಕಿ, ಬೇರೆ ಕಡೆಯಿಂದ ಬರುತ್ತಿದ್ದೆ. ಅವರು ಅದಕ್ಕೆ ಬೇಸರ ಮಾಡಿಕೊಳ್ಳಲಿಲ್ಲ. ಕೋರ್ಟು ಮುಗಿದ ಮೇಲೆ ಅದೇ ಮರದ ಕೆಳಗೆ ಸ್ಟೀಲ್ ಡಬ್ಬಿ ಬಿಚ್ಚಿಕೊಂಡು ಕೂತಿರುತ್ತಿದ್ದರು. ಅವರೆಕಾಳು ಉಪ್ಪಿಟ್ಟು ಇಬ್ಬರಿಗಾಗುವಷ್ಟು ಇರುತ್ತಿತ್ತು.

“ಯಾರಾದ್ರೂ ನೋಡ್ತಾರಮ್ಮ.”

“ಅಲ್ನೋಡ್ರಿ” ಎಂದು ಚಮಚದಲ್ಲಿ ತೋರಿಸಿದರು. ಗೇಟಿನಾಚೆ ಅವರ ವಕೀಲ ಹುಡುಗನೂ ನಮ್ಮ ಪಂಚಾಯಿತಿ ವಕೀಲರೂ ಒಂದೇ ಕಪ್ಪಿನ ಕಾಫಿಯನ್ನು ಬೈಟು ಮಾಡಿ ಕುಡಿಯುತ್ತಿದ್ದರು. “ಒಳಗೆ ಈಗ ತಾನೇ ಕಿತ್ತಾಡಿದ್ರು. ಅವರಿಗಿಲ್ದೆ ಇದ್ದಿದ್ದು ನಿಮಗ್ಯಾಕೆ?”

ಇಷ್ಟರಲ್ಲಿ ಕೋರ್ಟಿಗೆ ಸಹನೆ ಮುಗಿಯುತ್ತ ಬಂದಿತ್ತು. ಸರ್ವೇಯರು ರಜೆ, ಪೊಲೀಸರಿಗೆ ಬಂದೋಬಸ್ತು, ಒಂದನೇ ಆರೋಪಿಗೆ ವರ್ಗ, ಹೀಗೆ ನಮ್ಮ ವಕೀಲರು ಹೇಳಿದ ಕಾರಣಗಳೆಲ್ಲ ನಿಜವೇ ಆಗಿದ್ದರೂ ಕೇಳುವವರಿಗೆ ನೆಪದ ಹಾಗೆ ಕೇಳುತ್ತಿದ್ದವು. ಮುಂದಿನ ತಾರೀಕಿನೊಳಗೆ ದಾರಿ ತೆರೆದು ಫೋಟೋ ಸಮೇತ ವರದಿ ಕೊಡಬೇಕು, ಇಲ್ಲದಿದ್ದರೆ ಆರೋಪಿಗಳ ಮೇಲೆ ಆರೋಪ ಹೊರಿಸಲಾಗುವುದು ಎಂದರು ನ್ಯಾಯಮೂರ್ತಿಗಳು. ನಾನು ಆ ವಾರವೇ ಒಂದು ಚೀಲದಲ್ಲಿ ಟವಲು, ಮಾತ್ರೆ, ಮಂಡಿಗೆ ಹಚ್ಚುವ ಎಣ್ಣೆ ಇಟ್ಟುಕೊಂಡೆ. ಹೆಂಡತಿ ಅದರಲ್ಲಿ ಒಂದು ಉಪ್ಪಿನಕಾಯಿ ಬಾಟಲಿಯನ್ನೂ ಇಟ್ಟಳು, ತಮಾಷೆಗೋ ನಿಜಕ್ಕೋ ಈಗಲೂ ಗೊತ್ತಿಲ್ಲ.

ಕೊನೆಗೆ ಒಂದು ದಿನ ಹೊಸ ತಹಸೀಲ್ದಾರರು, ಸರ್ವೇಯರು, ಪೊಲೀಸರು, ಜೆಸಿಬಿ ಎಲ್ಲರಿಗೂ ಒಂದೇ ದಿನ ಬಿಡುವು ಸಿಕ್ಕಿತು. ಮೈದುನ ಅಡ್ಡ ನಿಂತ, ಕೂಗಾಡಿದ, ಸುಸ್ತಾಗಿ ಹುಣಸೆಮರದ ಬುಡದಲ್ಲಿ ಕೂತ. ದೂರುದಾರರು ಮನೆಯಿಂದ ದೊಡ್ಡ ಕ್ಯಾನಿನಲ್ಲಿ ಟೀ ತಂದು ಜೆಸಿಬಿ ಡ್ರೈವರಿಂದ ಹಿಡಿದು ಎಲ್ಲರಿಗೂ ಕೊಟ್ಟರು. ಮೈದುನನ ಮುಂದೆಯೂ ಒಂದು ಲೋಟ ಇಟ್ಟು ಬಂದರು. ಅವನು ಮುಖ ತಿರುಗಿಸಿದ. ಸ್ವಲ್ಪ ಹೊತ್ತಿನ ಮೇಲೆ ನಾನು ನೋಡಿದಾಗ ಲೋಟ ಖಾಲಿಯಾಗಿತ್ತು.

ಜೆಸಿಬಿಯವನು ಕಿತ್ತ ಕಲ್ಲುಗಳನ್ನು ಕಾಲುವೆಗೆ ತಳ್ಳಲು ಹೋದಾಗ ಮಾತ್ರ ಅವರು ದನಿ ಎತ್ತಿದರು. “ಏಯ್, ಕಲ್ಲು ಮುರೀಬೇಡ. ಅವನ ಜಮೀನಲ್ಲಿ ಸಾಲಾಗಿ ಮಲಗ್ಸು. ನನಗೆ ದಾರಿ ಬೇಕು, ಅವನ ಕಲ್ಲು ಬೇಡ.”

ಅಂದು ನಾನು ತೆಗೆದ ಫೋಟೋಗಳಲ್ಲಿ ಧೂಳು, ಜೆಸಿಬಿಯ ಬಾಲ, ಪೊಲೀಸರ ಬೆನ್ನು ಎಲ್ಲ ಇದ್ದವು, ದಾರಿ ಮಾತ್ರ ಇರಲಿಲ್ಲ. ನಮ್ಮ ವಕೀಲರು ಬೆಂಗಳೂರಿನಲ್ಲೇ ಹುಟ್ಟಿ ಬೆಳೆದವರು, ಶಿಸ್ತಿನ ಮನುಷ್ಯ. “ಇದೇನ್ರೀ, ಯುದ್ಧಭೂಮಿ ಇದ್ದಂಗಿದೆ? ತುದಿಯಿಂದ ತುದಿಗೆ ಖಾಲಿ ದಾರಿ ಕಾಣೋ ಫೋಟೋ ಬೇಕು. ತಾರೀಕು, ಜಾಗ ಎರಡೂ ಬಿದ್ದಿರಬೇಕು. ನಾಡಿದ್ದು ಕೋರ್ಟಿದೆ” ಎಂದರು.

ಮರುದಿನ ಬೆಳಿಗ್ಗೆ ಕಾರು ತೆಗೆದುಕೊಂಡು ಹೋದೆ. ಹುಣಸೆಮರದ ತಿರುವಿಗೆ ಬಂದು ನೋಡಿದರೆ ದಾರಿ ಇಲ್ಲ. ಈ ತುದಿಯಿಂದ ಆ ತುದಿಗೆ ಮೊಣಕಾಲುದ್ದ ಹುಲ್ಲು ಸಮೇತ ರಾಗಿ ತೆನೆ ಹಾಸಿಬಿಟ್ಟಿದೆ. ಕಲ್ಲು ಕಿತ್ತರೆ ರಾಗಿ ಹಾಕಿದನಲ್ಲ ಈ ಮನುಷ್ಯ ಎಂದು ಸಿಟ್ಟು ನೆತ್ತಿಗೇರಿ ಸೀದಾ ಮೈದುನನ ಮನೆ ಮುಂದೆ ಹೋಗಿ ನಿಂತೆ. ಅವನು ಹಲ್ಲು ಉಜ್ಜುತ್ತಿದ್ದ.

“ಏನಪ್ಪಾ ಇದು, ಹೈಕೋರ್ಟ್ ಅಂದ್ರೆ ಆಟ ಅನ್ಕೊಂಡಿದ್ದೀಯಾ? ಮತ್ತೆ ದಾರಿಗೆ ಅಡ್ಡ ಹಾಕಿದ್ದೀಯಲ್ಲ?”

ಅವನು ಬಾಯಿಯ ನೊರೆ ಉಗಿದು, ನಿಧಾನವಾಗಿ ಬಾಯಿ ಮುಕ್ಕಳಿಸಿ, ನಾನು ಅವನಲ್ಲಿ ಮೊದಲ ಸಲ ಕಂಡ ನಗೆ ನಕ್ಕ. “ನನ್ನ ಯಾಕೆ ಬೈತೀರಾ ಸಾ? ಅದು ನಂದಲ್ಲ. ಹೋಗಿ ನಿಮ್ ಪಿಟಿಷನರ್ನ ಕೇಳ್ರಿ.”

ಅವರು ದಾರಿಯ ಆ ತುದಿಯಲ್ಲಿ ಕೊಡೆ ಬಿಚ್ಚಿಕೊಂಡು ಕೂತಿದ್ದರು.

“ನಾನೇ ಹಾಕಿದ್ದು. ಯಾಕೆ?”

ಯಾಕೆ ಎಂದರೆ ಏನು ಹೇಳಲಿ. ನಮ್ಮ ಕಡೆ ರಾಗಿಯನ್ನು ರಸ್ತೆಯ ಮೇಲೆ ಹಾಸಿ, ಹೋಗಿ ಬರುವ ಗಾಡಿಗಳ ಚಕ್ರದಡಿ ತುಳಿಸಿ ಕಾಳು ಬಿಡಿಸುವುದು ನನಗೇನು ಹೊಸದಲ್ಲ. ಹಾಗೆ ಹಾಸಬೇಡಿ ಎಂದು ಪ್ರತಿ ವರ್ಷ ಟಾಂಟಾಂ ಹೊಡೆಸುವವನೂ ನಾನೇ. ಆದರೆ ವರ್ಷಗಟ್ಟಲೆ ಕೋರ್ಟಿನಲ್ಲಿ ಬಡಿದಾಡಿ ತೆರೆಸಿಕೊಂಡ ದಾರಿಯನ್ನು ಅದನ್ನು ತೆರೆಸಿದವರೇ ಮುಚ್ಚುತ್ತಾರೆಂದು ಯಾರಿಗೆ ಹೊಳೆಯಬೇಕು?

“ಅಮ್ಮ, ನಾಳೆ ಕೋರ್ಟು. ಖಾಲಿ ದಾರಿ ಫೋಟೋ ಕೊಡಬೇಕು. ಒಂದು ಗಂಟೆ ಮಟ್ಟಿಗೆ ಇದನ್ನ ಪಕ್ಕಕ್ಕೆ ಎತ್ತಿಸ್ತೀನಿ. ಆಮೇಲೆ ನಾನೇ ಮತ್ತೆ ಹಾಸಿಸಿಕೊಡ್ತೀನಿ.”

“ಎತ್ತಿದ್ರೆ ಕಾಳೆಲ್ಲ ಮಣ್ಣುಪಾಲು. ಈಗ ತಾನೇ ಬಿಸಿಲು ಹಿಡಿದೈತೆ, ಆಗಲ್ಲ.”

“ನನ್ನ ಜೈಲಿಗೆ ಹಾಕ್ತಾರಮ್ಮ.”

“ಯಾಕೆ ಹಾಕ್ತಾರೆ? ನೀವೇ ಯೋಚ್ನೆ ಮಾಡ್ರಿ. ಕಲ್ಲು ಇದ್ದಿದ್ರೆ ನಾನು ಇಲ್ಲಿ ರಾಗಿ ಹಾಕಕ್ಕಾಗ್ತಿತ್ತಾ? ದಾರಿ ಆಗೈತೆ ಅಂತ ತಾನೇ ಹಾಕಿರೋದು? ಇಷ್ಟು ವರ್ಷ ಹೊತ್ಕೊಂಡು ಹೋಗಿ ಮೇನ್ ರೋಡಲ್ಲಿ ಹಾಕ್ತಿದ್ದೆ. ಕಾರ್ನೋರು ಗಾಜು ಇಳಿಸಿ ಬೈಯೋರು. ಈಗ ನನ್ನ ದಾರೀಲಿ ನಾನು ಹಾಕಿದೀನಿ.” ಎದ್ದು ನಿಂತು ನನ್ನ ಕಾರಿನ ಕಡೆ ನೋಡಿದರು. “ಹೆಂಗೂ ಬಂದಿದೀರ. ಟ್ರ್ಯಾಕ್ಟರ್ ಬರೋದು ಮಧ್ಯಾಹ್ನ ಆಯ್ತದೆ. ಅಲ್ಲೀಗಂಟ ನಿಮ್ಮ ಕಾರು ನಾಲ್ಕು ಸುತ್ತು ಓಡ್ಸಿ.”

ಒಣಹುಲ್ಲು ಕಾರಿನ ಅಡಿಗೆ ಸುತ್ತಿಕೊಂಡು ಸೈಲೆನ್ಸರಿನ ಬಿಸಿಗೆ ಹೊತ್ತಿಕೊಳ್ಳುವ ಸುದ್ದಿಗಳನ್ನು ನಾನು ಕತ್ತರಿಸಿ ಇಟ್ಟುಕೊಂಡಿದ್ದೇನೆ. ಅವುಗಳನ್ನು ಹೇಳಿದೆ. ಅವರು ಒಂದು ಕೊಡ ನೀರು ತಂದು ದಾರಿಯ ಪಕ್ಕ ಇಟ್ಟು, “ಹೊತ್ಕೊಂಡ್ರೆ ಇದೆ, ಹೋಗ್ರಿ” ಎಂದರು.

ಹೋದೆ. ಒಂದನೇ ಗೇರಿನಲ್ಲಿ, ಕಿಟಕಿಯಿಂದ ಕತ್ತು ಹೊರಕ್ಕೆ ಚಾಚಿ, ಹೊಗೆ ಬಂತೇ ಎಂದು ಮೂಸುತ್ತ. ಚಕ್ರದಡಿ ತೆನೆ ಚರಚರ ಅನ್ನುತ್ತಿತ್ತು. ನಾಲ್ಕನೆಯ ಸುತ್ತಿನ ಹೊತ್ತಿಗೆ, ಹೇಳಲು ನಾಚಿಕೆ, ನನಗೆ ಮಜಾ ಬರತೊಡಗಿತ್ತು. ತಿರುವಿನಲ್ಲಿ ನೋಡಿದರೆ ಮೈದುನ ಹುಣಸೆಮರದ ಕೆಳಗೆ ನಿಂತು ಫೋನು ಹಿಡಿದಿದ್ದ. “ಕೋರ್ಟಿಗೆ ಫೋಟೋ ಬೇಕಂತಲ್ಲ, ಸ್ವಲ್ಪ ನಿಂತ್ಕೊಳಿ ಸಾ. ಅತ್ತಿಗೆ, ನೀನೂ ಈ ಕಡೆ ಬಾ” ಎಂದು ಕೂಗಿದ. ಅವರು ಕೊಡೆ ಮಡಚಿ ಬಂದು ಕಾರಿನ ಪಕ್ಕ ನೆಟ್ಟಗೆ ನಿಂತರು. ನಾನು ಕಿಟಕಿಯಲ್ಲಿ ಕತ್ತು ಹೊರಗಿಟ್ಟುಕೊಂಡೇ ಇದ್ದೆ.

ಆ ಫೋಟೋದಲ್ಲಿ ತುದಿಯಿಂದ ತುದಿಗೆ ದಾರಿ ಕಾಣುತ್ತಿತ್ತು. ಸರ್ವೇ ಕಲ್ಲು ಎರಡೂ ಕಡೆ ಕಾಣುತ್ತಿತ್ತು. ತಾರೀಕು, ಜಾಗ ಎರಡೂ ಬಿದ್ದಿತ್ತು. ನನ್ನ ಫೋಟೋ ಒಂದಾದರೂ ಅದರ ಹತ್ತಿರ ನಿಲ್ಲುವಂತಿರಲಿಲ್ಲ. ಬೇಲಿ ಹಾಕಿದವನೇ ತೆಗೆದ ಫೋಟೋ ಕೊಟ್ಟು, ಬೇಲಿ ಹೋಗಿದೆ ಎಂದು ನಾವು ವರದಿ ಸಲ್ಲಿಸಬೇಕಾಯಿತು.

“ರಾಗಿ ಇರೋ ಫೋಟೋನ ಹೈಕೋರ್ಟಿಗೆ ಕೊಡೋದೇನ್ರೀ?” ಎಂದು ವಕೀಲರು ತಲೆ ಚಚ್ಚಿಕೊಂಡರು. ಬೇರೆ ದಾರಿಯಿರಲಿಲ್ಲ, ಕೊಟ್ಟರು.

ಕೋರ್ಟಿನಲ್ಲಿ ಮೊದಲು ಅವರ ವಕೀಲ ಹುಡುಗ ಎದ್ದ. ಓದಿಕೊಂಡು ಬಂದ ಹುಡುಗ. ದಾರಿ ತೆರೆದಿರುವುದು ನಿಜವಾದರೂ ಇಷ್ಟು ತಡ ಮಾಡಿದ್ದೇ ನ್ಯಾಯಾಲಯಕ್ಕೆ ಮಾಡಿದ ಅಪಚಾರ, ಆರೋಪಿಗಳನ್ನು ಸುಮ್ಮನೆ ಬಿಟ್ಟರೆ ಬೇರೆಯವರಿಗೆ ಪಾಠವಾಗುವುದಿಲ್ಲ ಎಂದು ವಾದಿಸಿದ. ಅವನ ಮಾತಿನಲ್ಲಿ ತಪ್ಪೇನೂ ಇರಲಿಲ್ಲ. ಅದೇ ನನ್ನ ಹೆದರಿಕೆ. ನನ್ನ ಕಾಲ ಬಳಿ ಟವಲಿನ ಚೀಲ ಇತ್ತು.

ಹಿರಿಯ ನ್ಯಾಯಮೂರ್ತಿಗಳು ಫೋಟೋ ಎತ್ತಿ ಹಿಡಿದು ಕನ್ನಡದಲ್ಲೇ ಕೇಳಿದರು: “ದಾರಿ ಮೇಲೆ ಏನಿದು?”

ನಮ್ಮ ವಕೀಲರು ಗಂಟಲು ಸರಿಮಾಡಿಕೊಂಡರು. ಅದಕ್ಕೆ ಮೊದಲೇ ಹಿಂದಿನ ಬೆಂಚಿನಿಂದ ಉತ್ತರ ಬಂತು.

“ಅದು ನಂದೇ ಸ್ವಾಮಿ. ರಾಗಿ.”

ಅವರನ್ನು ಮುಂದಕ್ಕೆ ಕರೆದರು. ಕೊಡೆ ಬೆಂಚಿನ ಮೇಲೇ ಬಿಟ್ಟು ಬಂದು ಕೈ ಮುಗಿದರು.

“ಕಾರು ಯಾರದ್ದು?”

“ಆರೋಪೀದು ಸ್ವಾಮಿ. ಎರಡನೇದು.” ನನ್ನ ಕಡೆ ತಿರುಗಿ ತೋರಿಸಿದರು. ಕೋರ್ಟಿನಲ್ಲಿ ಯಾರೋ ಕೆಮ್ಮಿದಂತೆ ಮಾಡಿ ನಕ್ಕರು. ನಾನು ನಗಬೇಕೋ ತಲೆ ತಗ್ಗಿಸಬೇಕೋ ತಿಳಿಯದೆ ಎರಡನ್ನೂ ಮಾಡಿದೆ.

“ಈಗ ಹೊಲಕ್ಕೆ ಗಾಡಿ ಹೋಗಿ ಬರ್ತಾ ಇದೆಯಾ ಅಮ್ಮ?”

“ಬತ್ತಾ ಐತೆ.”

“ಮತ್ತೆ ನಿಮ್ಮ ತಕರಾರು ಏನಾದ್ರೂ ಉಳಿದಿದೆಯಾ? ನಿಮ್ಮ ವಕೀಲರು ಇವರಿಗೆ ಶಿಕ್ಷೆ ಆಗಬೇಕು ಅಂತಾರೆ.”

ಅವರು ಅಂಗಡಿಯಲ್ಲಿ ಸಾಮಾನೆಲ್ಲ ಬಂತೇ ಎಂದು ಮನಸ್ಸಿನಲ್ಲೇ ಲೆಕ್ಕ ಹಾಕುವವರ ಹಾಗೆ ನಿಂತರು. ಅಷ್ಟು ಹೊತ್ತಿನಲ್ಲಿ ನಾನು ಉಪ್ಪಿನಕಾಯಿಯವರೆಗೆ ಎಲ್ಲವನ್ನೂ ಜ್ಞಾಪಿಸಿಕೊಂಡೆ.

“ನಾನು ಕೇಳಿದ್ದು ದಾರಿ. ದಾರಿ ಆಯ್ತು. ಈವಯ್ಯನ್ನ ಒಳಗೆ ಹಾಕಿದ್ರೆ ನನ್ನ ದಾರಿ ಇನ್ನೊಂದು ಮೊಳ ಅಗಲ ಆಗ್ತದಾ ಸ್ವಾಮಿ? ಆಗೋ ಹಂಗಿದ್ರೆ ಹೇಳಿ, ಯೋಚ್ನೆ ಮಾಡ್ತೀನಿ.”

ನ್ಯಾಯಮೂರ್ತಿಗಳಿಬ್ಬರೂ ಒಬ್ಬರನ್ನೊಬ್ಬರು ನೋಡಿಕೊಂಡರು. ಹಿರಿಯರು ಆದೇಶ ಬರೆಸಿದರು: ಆದೇಶ ಪಾಲನೆಯಾಗಿದೆ, ದೂರುದಾರರ ಅಹವಾಲು ಈಗ ಉಳಿದಿಲ್ಲ, ನಡಾವಳಿಯನ್ನು ಮುಕ್ತಾಯಗೊಳಿಸಲಾಗಿದೆ. ನನಗೆ ಅಳು ಬರುವಂತಾಯಿತು. ಆದರೆ ನ್ಯಾಯಮೂರ್ತಿಗಳು ಅಲ್ಲಿಗೆ ನಿಲ್ಲಿಸಲಿಲ್ಲ. ಮುಂದೆ ಮತ್ತೆ ದಾರಿಗೆ ಅಡ್ಡಿಯಾದರೆ ಇದೇ ಅರ್ಜಿಗೆ ಮರುಜೀವ ಕೊಡಿಸಿಕೊಳ್ಳಲು ದೂರುದಾರರಿಗೆ ಸ್ವಾತಂತ್ರ್ಯವಿದೆ ಎಂದೂ ಸೇರಿಸಿದರು.

ಬೇರೆ ಯಾರಿಗಾದರೂ ಅದು ಕೊನೆಯ ಸಾಲು. ನನ್ನಂಥವನಿಗೆ ಅದೊಂದೇ ಸಾಲು. ಕಬ್ಬನ್ ಪಾರ್ಕಿನ ಮರದ ಕೆಳಗೆ ಉಪ್ಪಿಟ್ಟು ತಿನ್ನುತ್ತ ಕೇಳಿದೆ: “ಮರುಜೀವ ಅಂದ್ರೆ, ಯಾವಾಗ ಬೇಕಾದ್ರೂನಾ?”

“ಹೂಂ. ಕೇಸು ಮಲಗೈತೆ ಅಷ್ಟೇ, ಸತ್ತಿಲ್ಲ” ಎಂದು ಡಬ್ಬಿಯ ತಳ ಕೆರೆದು ನನ್ನ ತಟ್ಟೆಗೆ ಹಾಕಿದರು. ಅವರಿಗೆ ನನ್ನನ್ನು ಅರ್ಥ ಮಾಡಿಕೊಳ್ಳಲು ಇನ್ನೇನೂ ಉಳಿದಿರಲಿಲ್ಲ.

ಅವರು ನನ್ನನ್ನು ಆರೋಪಿ ಅನ್ನುವುದನ್ನು ಬಿಡಲೇ ಇಲ್ಲ. ನನಗೆ ನೆಲಮಂಗಲದ ಕಡೆಗೆ, ಸೋಂಪುರದ ಕಾರ್ಖಾನೆಗಳ ಪಕ್ಕದ ಒಂದು ಪಂಚಾಯಿತಿಗೆ ವರ್ಗವಾದ ಮೇಲೂ ರಾಗಿ ಕೊಯ್ಲು ಮುಗಿದೊಡನೆ ಫೋನ್ ಬರುತ್ತಿತ್ತು. “ಆರೋಪಿಗಳೇ, ದಾರಿ ಮೇಲೆ ರಾಗಿ ಬಿದ್ದೈತೆ. ಕಾರು ತತ್ತೀರೋ, ಕೇಸಿಗೆ ಜೀವ ಕೊಡ್ಲೋ?” ಒಂದು ಭಾನುವಾರ ನೋಡಿ ಹೋಗುತ್ತಿದ್ದೆ. ಹಿಂದಿರುಗುವಾಗ ಡಿಕ್ಕಿಯಲ್ಲಿ ಒಂದು ಚೀಲ ರಾಗಿ ಹಿಟ್ಟು, ನುಗ್ಗೆಸೊಪ್ಪು. ಕಣ್ಣುರೆಪ್ಪೆ ಎಳೆದು ನೋಡುವುದೂ ತಪ್ಪುತ್ತಿರಲಿಲ್ಲ. ಹೋದ ವರ್ಷ, “ಪರವಾಗಿಲ್ಲ, ಈಗ ಕೆಂಪಗೈತೆ” ಎಂದಿದ್ದರು.

ಮಗಳ ಫೋನ್ ಬಂದ ದಿನ ಬೇಜಾರಿನ ಹಿಂದೆಯೇ ಚಿಂತೆಯೂ ಬಂತು. ಮರುಜೀವ ಕೊಡುವ ಸ್ವಾತಂತ್ರ್ಯ ಇದ್ದದ್ದು ಅವರಿಗೆ. ಅವರೇ ಇಲ್ಲ. ಮಗಳು ಚಿಂತಾಮಣಿಯಲ್ಲಿ. ಮೈದುನನ ಜಮೀನಿನಲ್ಲಿ ಆ ಕಲ್ಲುಗಳು ಇನ್ನೂ ಸಾಲಾಗಿ ಮಲಗಿವೆ. ಎತ್ತಿ ನಿಲ್ಲಿಸಲು ಒಂದು ಬೆಳಗು ಸಾಕು. ನನಗೆ ಆ ಪಂಚಾಯಿತಿಯಲ್ಲಿ ಯಾವ ಅಧಿಕಾರವೂ ಇಲ್ಲ. ಆದರೂ ಭಾನುವಾರ ಹೊರಟೆ. ಹೆಂಡತಿ ಖಾಲಿ ಚೀಲ ಕೈಗಿಟ್ಟಳು.

ಹುಣಸೆಮರದ ತಿರುವಿಗೆ ಬರುವಾಗ ಕಾರು ತಾನಾಗಿ ನಿಧಾನವಾಯಿತು. ಆ ಕಡೆ ನೋಡಲು ಧೈರ್ಯ ಬೇಕಿತ್ತು. ನೋಡಿದೆ.

ತುದಿಯಿಂದ ತುದಿಗೆ ರಾಗಿ ಹಾಸಿತ್ತು. ಪಕ್ಕದಲ್ಲಿ ಒಂದು ಕೊಡ ನೀರು. ಮೈದುನ ಆ ಹಳೆಯ ಕಲ್ಲುಗಳ ಮೇಲೆ ಕೂತಿದ್ದ. ಅವನ ತಲೆಯ ಮೇಲೆ ಗಂಡಸರ ಕಪ್ಪು ಕೊಡೆ. ನನ್ನನ್ನು ಕಂಡು ಎದ್ದು ಬಂದು ಕಿಟಕಿಯ ಹತ್ತಿರ ಬಾಗಿದ.

“ಅತ್ತಿಗೇದೂ ನಂದೂ ಎರಡೂ ಸೇರಿಸಿ ಹಾಕಿದೀನಿ ಸಾ. ಅವಳ ಹೊಲ ಈ ಸಲ ನಾನೇ ಕೊಯ್ದೆ, ಮಗಳು ಮಾಡು ಅಂದ್ಲು.” ದಾರಿಯ ಕಡೆ ನೋಡಿದ. “ಹೋಗೋ ಹಿಂದಿನ ದಿವ್ಸಾನೂ ಹೇಳಿದ್ಲು, ಆರೋಪಿ ಬತ್ತಾನೆ, ಕಾರು ಓಡಿಸ್ದೆ ಬಿಡಬೇಡ ಅಂತ. ಹೂಂ, ನಡೀರಿ. ಬಿಸಿಲು ಹಿಡಿದೈತೆ.”

ನನ್ನ ಹಿಂದೆ ಅವರು ನನ್ನನ್ನು ‘ಬತ್ತಾನೆ’ ಎಂದು ಏಕವಚನದಲ್ಲಿ ಕರೆಯುತ್ತಿದ್ದರೆಂಬುದು ಅವತ್ತೇ ಗೊತ್ತಾದದ್ದು.

ಒಂದನೇ ಗೇರಿಗೆ ಹಾಕಿ, ಕಿಟಕಿಯಿಂದ ಕತ್ತು ಹೊರಗೆ ಚಾಚಿ, ಹೊಗೆ ಬಂತೇ ಎಂದು ಮೂಸುತ್ತ ಹೊರಟೆ. ಆ ತುದಿಗೆ ಮುಟ್ಟಿ ಕಾರು ತಿರುಗಿಸುವಷ್ಟರಲ್ಲಿ ಮೈದುನ ಕೈಯಲ್ಲಿ ಲೋಟ ಹಿಡಿದು ನಿಂತಿದ್ದ. ಮಜ್ಜಿಗೆಗೆ ಇಂಗು ಸ್ವಲ್ಪ ಹೆಚ್ಚಾಗಿತ್ತು. ಕುಡಿದು, ಲೋಟ ಕೊಟ್ಟು, ಇನ್ನೊಂದು ಸುತ್ತಿಗೆ ಹೋದೆ.